ಥನಾಸಿ ಯಾಕೆ ಅಷ್ಟು ಓಡುತ್ತಿದ್ದ?

ನಾನು ಮೊದಲ ಸಲ ಥನಾಸಿಸ್ ವೆಂಗೋಸ್ ಅವರನ್ನು ನೋಡಿದಾಗ ಅವರು ಸುಮ್ಮನೆ ನಿಂತಿದ್ದರು. ಸುತ್ತ ಬರೀ ಹಿಮ. ಪಕ್ಕದಲ್ಲಿ ಒಂದು ಟ್ಯಾಕ್ಸಿ.

ಬೆಂಗಳೂರಿನ ಒಂದು ಫಿಲ್ಮ್ ಸೊಸೈಟಿಯಲ್ಲಿ ಅವತ್ತು ಗ್ರೀಕ್ ನಿರ್ದೇಶಕ ಥಿಯೊ ಆಂಗೆಲೊಪುಲೊಸ್ ಅವರ ‘ಯುಲಿಸಿಸ್ ಗೇಜ್’ ತೋರಿಸುತ್ತಿದ್ದರು. 1995ರ ಸಿನಿಮಾ, ಹೆಚ್ಚುಕಡಿಮೆ ಮೂರು ಗಂಟೆ. ಅಮೆರಿಕದಿಂದ ತಾಯ್ನಾಡಿಗೆ ಬಂದ ಒಬ್ಬ ನಿರ್ದೇಶಕ ಮೂರು ಹಳೆಯ ರೀಲುಗಳನ್ನು ಹುಡುಕಿಕೊಂಡು ಹೊರಡುತ್ತಾನೆ. ಬಾಲ್ಕನ್ ನಾಡಿಗೆ ಸಿನಿಮಾ ತಂದ ಮನಾಕಿಸ್ ಸಹೋದರರು ತೆಗೆದ ರೀಲುಗಳು ಅವು. ತೆಗೆದದ್ದಷ್ಟೇ, ಲ್ಯಾಬಿನಲ್ಲಿ ತೊಳೆಸಿ ಚಿತ್ರ ಮೂಡಿಸಿದ್ದೇ ಇಲ್ಲ. ಹಾರ್ವಿ ಕೈಟೆಲ್ ಆ ನಿರ್ದೇಶಕನ ಪಾತ್ರ ಮಾಡಿದ್ದಾರೆ. ಗ್ರೀಸಿನ ಉತ್ತರದಲ್ಲಿರುವ ಫ್ಲೋರಿನಾ ಎಂಬ ಊರಿನಲ್ಲಿ ಆತ ಅಲ್ಬೇನಿಯಾಕ್ಕೆ ಟ್ಯಾಕ್ಸಿ ಹಿಡಿಯುತ್ತಾನೆ. ಜೊತೆಗೆ ಒಬ್ಬ ಅಜ್ಜಿ ಹತ್ತುತ್ತಾಳೆ. ಒಡಹುಟ್ಟಿದವಳ ಮುಖ ನೋಡಿ 47 ವರ್ಷ ಆಗಿದೆ, ನೋಡಲು ಹೊರಟಿದ್ದಾಳೆ. ಗಡಿ ದಾಟಿ ಕೊರ್ಚಾ ಎಂಬಲ್ಲಿ, ಖಾಲಿ ಬಿದ್ದ ಒಂದು ದೊಡ್ಡ ಚೌಕದಲ್ಲಿ ಅವಳನ್ನು ಇಳಿಸಿ ಟ್ಯಾಕ್ಸಿ ಮುಂದಕ್ಕೆ ಹೋಗುತ್ತದೆ. ಸ್ವಲ್ಪ ದೂರದಲ್ಲೇ ಡ್ರೈವರ್ ನಿಲ್ಲಿಸಿಬಿಡುತ್ತಾನೆ. ಇನ್ನು ಮುಂದೆ ಹೋಗೋದು ಬೇಡ ಅಂತ ಹಿಮವೇ ಹೇಳುತ್ತಿದೆ, ಅದರ ಮಾತು ನನಗೆ ಗೊತ್ತಾಗುತ್ತೆ ಅನ್ನುತ್ತಾನೆ.

ಬೋಳು ತಲೆ. ಸುಕ್ಕುಗಟ್ಟಿದ ಮುಖ. ಆ ಚಳಿಯಲ್ಲಿ ಕುಡಿಯುತ್ತಾ ಮಾತಿಗೆ ನಿಲ್ಲುತ್ತಾನೆ. ನಮ್ಮ ದೇಶ ಸಾಯುತ್ತಿದೆ ಅನ್ನುತ್ತಾನೆ. ಒಡೆದ ಕಲ್ಲುಗಳ, ಮೂರ್ತಿಗಳ ನಡುವೆ ಎಷ್ಟೋ ಸಾವಿರ ವರ್ಷ ಬದುಕಿದೆವು, ಈಗ ಮುಗಿಯಿತು, ಸಾಯಬೇಕಿದ್ದರೆ ಬೇಗ ಸಾಯಲಿ, ಈ ನರಳಾಟ ಬೇಡ ಎಂಬ ಅರ್ಥದ ಮಾತು. ಅದೇ ಮನುಷ್ಯ ಹಿಮದ ಕಡೆ ತಿರುಗಿ, ನೀನೂ ಒಬ್ಬಳೇನಾ, ನಾನೂ ಒಬ್ಬನೇ ಅನ್ನುವ ಹಾಗೆ ಪ್ರಕೃತಿಯನ್ನು ಮಾತಾಡಿಸಿ ಅದಕ್ಕೊಂದು ಬಿಸ್ಕತ್ತು ಎಸೆಯುತ್ತಾನೆ.

ಚಿಕ್ಕ ಪಾತ್ರ. ಆದರೆ ಸಿನಿಮಾ ಮುಗಿದ ಮೇಲೆ ನನ್ನ ತಲೆಯಲ್ಲಿ ಉಳಿದದ್ದು ಆ ಬಿಸ್ಕತ್ತು. ಹೊರಗೆ ಕಾಫಿ ಕುಡಿಯುತ್ತಾ ನಿಂತಿದ್ದಾಗ ಸೊಸೈಟಿಯ ಹಿರಿಯರೊಬ್ಬರಿಗೆ ಅದನ್ನೇ ಹೇಳಿದೆ. ಅವರು, ‘ಆ ಟ್ಯಾಕ್ಸಿಯವರು ಯಾರು ಗೊತ್ತಾ? ಗ್ರೀಸಿನ ಅತಿ ದೊಡ್ಡ ಕಾಮಿಡಿಯನ್. ಜೀವನ ಪೂರ್ತಿ ತೆರೆಯ ಮೇಲೆ ಓಡಿದವರು. ಅವರು ನಿಂತಿದ್ದನ್ನು ನೋಡಿಯೇ ಅಲ್ಲಿನವರಿಗೆ ಅಳು ಬಂದಿರುತ್ತೆ’ ಅಂದರು.

ಆ ಮಾತು ನನ್ನನ್ನು ಬಿಡಲಿಲ್ಲ. ಓಡಿದವರು ಅಂದರೆ ಏನು? ಮನೆಗೆ ಹೋಗಿ ಹುಡುಕಿದೆ. ಅಲ್ಲಿಂದ ಶುರುವಾದ ಹುಡುಕಾಟ ಹಲವು ವರ್ಷ ನಡೆಯಿತು. ಸಬ್‌ಟೈಟಲ್ ಇರುವ ಪ್ರತಿ ಸಿಗುವುದೇ ಕಷ್ಟ. ಎಷ್ಟೋ ಸಿನಿಮಾಗಳನ್ನು ಒಂದಕ್ಷರ ಗ್ರೀಕ್ ಬಾರದೇ ನೋಡಿದ್ದೇನೆ. ಅವರನ್ನು ನೋಡಲು ಭಾಷೆ ಅಷ್ಟೇನೂ ಬೇಕಾಗಿಲ್ಲ.

ಗ್ರೀಸಿನಲ್ಲಿ ದಿನವಿಡೀ ಕೆಲಸಕ್ಕಾಗಿ ಅಲೆದಾಡಿ ಸುಸ್ತಾದವರು ‘ವೆಂಗೋಸ್ ತರಹ ಓಡಿದೆ’ ಅನ್ನುತ್ತಾರೆ. ಹೆಸರೇ ನುಡಿಗಟ್ಟಾಗಿಬಿಟ್ಟಿದೆ. ಅವರು ಓಡುವ ರೀತಿ ನೋಡಬೇಕು. ಎದೆ ಮುಂದೆ, ಕಾಲು ಹಿಂದೆ. ಕಣ್ಣು ಇಷ್ಟಗಲ. ಕೈ ಗಾಳಿಯಲ್ಲಿ ಏನನ್ನೋ ವಿವರಿಸುತ್ತಿರುತ್ತದೆ. ತಟ್ಟನೆ ನಿಲ್ಲುತ್ತಾರೆ, ಏನೋ ನೆನಪಾಗಿ ಬಂದ ದಾರಿಯಲ್ಲೇ ವಾಪಸ್ ಓಡುತ್ತಾರೆ. ಮಾತೂ ಹಾಗೇ, ಏದುಸಿರಿನಲ್ಲಿ. ಬೀಳುವುದು, ಹಾರುವುದು, ಡಿಕ್ಕಿ ಹೊಡೆಯುವುದು ಎಲ್ಲವನ್ನೂ ಡ್ಯೂಪ್ ಇಲ್ಲದೇ ತಾವೇ ಮಾಡುತ್ತಿದ್ದರು. ಆ ಪೆಟ್ಟುಗಳು ನಿಜ ಅಂತ ನೋಡುವವರಿಗೆ ಗೊತ್ತಾಗುತ್ತದೆ.

ಈ ಓಟದ ನಡುವೆ ಎದುರಿಗೆ ಸಿಕ್ಕವರನ್ನೆಲ್ಲ ಒಂದೇ ಮಾತಿನಲ್ಲಿ ಕರೆಯುತ್ತಾರೆ: ‘ಕಲೆ ಮು ಆಂಥ್ರೊಪೆ’. ನನ್ನ ಒಳ್ಳೆಯ ಮನುಷ್ಯನೇ ಅಂತ ಅರ್ಥ. ‘ಕಲೆ’ ಅಂದರೆ ಅಲ್ಲಿ ಒಳ್ಳೆಯವನೇ ಎಂಬ ಕರೆ. ಮೊದಲ ಸಲ ಕೇಳಿದಾಗ ನಮ್ಮ ಕಿವಿ ಅದನ್ನು ನಮ್ಮ ಕಲೆ ಅಂತಲೇ ಹಿಡಿಯುತ್ತದೆ ಅಲ್ವಾ? ನನಗೆ ಅದು ತಪ್ಪು ಅಂತ ಗೊತ್ತಿದ್ದರೂ ಇವತ್ತಿಗೂ ಹಾಗೇ ಕೇಳಿಸುತ್ತದೆ, ಕೇಳಿಸಲಿ ಅಂತ ಬಿಟ್ಟಿದ್ದೇನೆ. ಬೈಯುವವನಿಗೂ, ಸಾಲ ಕೇಳಲು ಬಂದವನಿಗೂ, ಹೊಡೆಯಲು ಕೈ ಎತ್ತಿದವನಿಗೂ ಅದೇ ಮಾತು. ಕೊನೆಗೆ ಜನ ಅದನ್ನು ಅವರಿಗೇ ತಿರುಗಿಸಿ ಕೊಟ್ಟರು. ‘ನಮ್ಮ ಒಳ್ಳೆಯ ಮನುಷ್ಯ’ ಅಂದರೆ ಗ್ರೀಸಿನಲ್ಲಿ ವೆಂಗೋಸ್.

ಇನ್ನೊಂದು ವಿಷಯ. ಅವರ ಎಷ್ಟೋ ಸಿನಿಮಾಗಳಲ್ಲಿ ನಾಯಕನ ಹೆಸರೂ ಥನಾಸಿಸ್. ಗ್ರೀಕ್ ಭಾಷೆಯಲ್ಲಿ ಕರೆಯುವಾಗ ಆ ಕೊನೆಯ ಸ್ ಬಿದ್ದುಹೋಗುತ್ತದೆ, ‘ಥನಾಸಿ’ ಆಗುತ್ತದೆ. ಹಾಗಾಗಿ ಸಿನಿಮಾದ ಹೆಸರೇ ಅವನನ್ನು ಕೂಗಿ ಕರೆದ ಹಾಗಿರುತ್ತದೆ: ಥನಾಸಿ, ಯುದ್ಧದಲ್ಲಿ ನೀನೇನು ಮಾಡಿದೆ? ಥನಾಸಿ, ನಿನ್ನ ಬಂದೂಕು ತಗೋ. ನಾನೂ ಇಲ್ಲಿ ನಟನನ್ನು ವೆಂಗೋಸ್ ಅವರು ಅಂತಲೂ, ತೆರೆಯ ಮೇಲಿನವನನ್ನು ಥನಾಸಿ ಅಂತಲೂ ಕರೆಯುತ್ತೇನೆ. ಆದರೂ ಕೆಲವು ಕಡೆ ಇಬ್ಬರೂ ಕಲೆತುಹೋಗುತ್ತಾರೆ.

ವೆಂಗೋಸ್ ಅವರು ಹುಟ್ಟಿದ್ದು 1927ರಲ್ಲಿ, ಅಥೆನ್ಸಿನ ಬಂದರು ಪಿರೇಯಸ್ ಹತ್ತಿರದ ನಿಯೊ ಫಾಲಿರೊದಲ್ಲಿ. ಅಪ್ಪ ವಿದ್ಯುತ್ ಕಂಪನಿಯಲ್ಲಿ ಕೆಲಸಗಾರ. ಒಬ್ಬನೇ ಮಗ. 1941ರಲ್ಲಿ ಜರ್ಮನ್ನರು ಗ್ರೀಸನ್ನು ಹಿಡಿದುಕೊಂಡಾಗ ಹುಡುಗನಿಗೆ 14ನೇ ವರ್ಷ. ಆ ಚಳಿಗಾಲದಲ್ಲಿ ಅಥೆನ್ಸ್ ಮತ್ತು ಪಿರೇಯಸ್ ಹಸಿವಿನಿಂದ ಸತ್ತವು. ಆಹಾರವನ್ನು ಸೈನ್ಯ ಬಾಚಿಕೊಂಡಿತ್ತು. ಹಡಗುಗಳಿಗೆ ಬ್ರಿಟಿಷರ ದಿಗ್ಬಂಧನ. ಹತ್ತಾರು ಸಾವಿರ ಜನ ಹೋದರು, ಬೆಳಿಗ್ಗೆ ಬೀದಿಗಳಲ್ಲಿ ಹೆಣ ಎತ್ತಲು ಗಾಡಿಗಳು ಬರುತ್ತಿದ್ದವು. ಥನಾಸಿಸ್ ಅನ್ನುವುದು ಅಥನಾಸಿಯೊಸ್ ಎಂಬ ಹೆಸರಿನ ಚಿಕ್ಕ ರೂಪ. ಸಾವಿಲ್ಲದವನು ಅಂತ ಅರ್ಥ. ಆ ವಯಸ್ಸಿಗೆ ಆ ಊರಿನಲ್ಲಿ ಆ ಹೆಸರು ಹೊತ್ತುಕೊಂಡು ಬದುಕುಳಿದದ್ದನ್ನು ನಾನು ಎಷ್ಟೋ ಸಲ ಯೋಚಿಸಿದ್ದೇನೆ.

ಅಪ್ಪ ಜರ್ಮನ್ನರ ವಿರುದ್ಧದ ಪ್ರತಿರೋಧದಲ್ಲಿ ಸೇರಿದ್ದರು. ಯುದ್ಧ ಮುಗಿದ ಮೇಲೆ ಅದೇ ಕಾರಣಕ್ಕೆ ಕೆಲಸದಿಂದ ತೆಗೆದರು. ಇದು ವಿಚಿತ್ರ ಅನಿಸಬಹುದು. ಪ್ರತಿರೋಧದಲ್ಲಿ ಎಡಪಂಥದವರು ಜಾಸ್ತಿ ಇದ್ದರು. ಯುದ್ಧದ ಬೆನ್ನಿಗೇ ಗ್ರೀಸಿನಲ್ಲಿ ಅಂತರ್ಯುದ್ಧ ಶುರುವಾಯಿತು, ಅದರಲ್ಲಿ ಎಡಪಂಥ ಸೋತಿತು. ನಿನ್ನೆ ದೇಶಕ್ಕಾಗಿ ಹೋರಾಡಿದವರು ಇವತ್ತು ದೇಶದ್ರೋಹಿಗಳಾದರು.

ಮಗ ಸೈನ್ಯಕ್ಕೆ ಸೇರುವ ವಯಸ್ಸಿಗೆ ಬಂದಾಗ ಅವರನ್ನು ಕಳಿಸಿದ್ದು ಮಾಕ್ರೊನಿಸೊಸ್‌ಗೆ. ಅಟಿಕಾ ತೀರದ ಲಾವ್ರಿಯೊ ಎದುರಿಗಿರುವ ಉದ್ದನೆಯ ಬೋಳು ದ್ವೀಪ ಅದು. ಎಡಪಂಥದ ನೆರಳು ಬಿದ್ದ ಯುವಕರನ್ನು ‘ಸರಿಪಡಿಸಲು’ 1947ರಿಂದ ಅಲ್ಲಿ ಶಿಬಿರಗಳಿದ್ದವು. ಬಿಸಿಲು, ಗಾಳಿ, ಬಾಯಾರಿಕೆ, ಹೊಡೆತ. ಸುಮ್ನೆ ಕಲ್ಲು ಹೊರಿಸುವುದು. ಇದೆಲ್ಲ ತಪ್ಪಬೇಕಿದ್ದರೆ ಪಶ್ಚಾತ್ತಾಪದ ಕಾಗದಕ್ಕೆ ಸಹಿ ಹಾಕಬೇಕು, ನನ್ನ ನಂಬಿಕೆ ತಪ್ಪು ಅಂತ ಬರೆದುಕೊಡಬೇಕು. ಖೈದಿಗಳ ಕೈಯಲ್ಲೇ ಅಲ್ಲಿ ಅಥೆನ್ಸಿನ ಪುರಾತನ ದೇಗುಲ ಪಾರ್ಥೆನಾನ್‌ನ ಪುಟ್ಟ ಮಾದರಿಗಳನ್ನೂ ಕಟ್ಟಿಸಿದರಂತೆ, ದೇಶಭಕ್ತಿ ಬರಲಿ ಅಂತ. ಹಿಮದಲ್ಲಿ ನಿಂತ ಟ್ಯಾಕ್ಸಿಯವನು ಒಡೆದ ಕಲ್ಲು, ಮೂರ್ತಿ ಅಂದಾಗ ಆ ನಟನ ಕೈಗಳಿಗೆ ಯಾವ ಕಲ್ಲುಗಳು ನೆನಪಾದವೋ.

ಅದೇ ದ್ವೀಪದಲ್ಲಿ ನಿಕೊಸ್ ಕುಂದುರೊಸ್ ಎಂಬ ಯುವಕನೂ ಇದ್ದರು. ಮುಂದೆ ಗ್ರೀಸಿನ ದೊಡ್ಡ ನಿರ್ದೇಶಕರಾದವರು. ಜೊತೆಯವರನ್ನು ನಗಿಸುತ್ತಿದ್ದ ಈ ತೆಳ್ಳಗಿನ ಮನುಷ್ಯ ಅವರ ಕಣ್ಣಿಗೆ ಬಿದ್ದದ್ದು ಅಲ್ಲೇ. 1954ರಲ್ಲಿ ಕುಂದುರೊಸ್ ತಮ್ಮ ಮೊದಲ ಸಿನಿಮಾ ‘ಮಾಯಾ ನಗರ’ ಮಾಡಿದಾಗ ವೆಂಗೋಸ್ ಅವರಿಗೆ ಪಾತ್ರ ಕೊಟ್ಟರು. ಎರಡು ವರ್ಷದ ನಂತರ ಬಂದ ‘ಡ್ರಾಕೊಸ್’ನಲ್ಲೂ ಒಂದು ಸಣ್ಣ ಪಾತ್ರ. ಅದಕ್ಕೂ ಮುಂಚೆ ಹೊಟ್ಟೆಪಾಡಿಗೆ ಚರ್ಮದ ಕೆಲಸ ಮಾಡುತ್ತಿದ್ದರು. ನಾಟಕ ಶಾಲೆಯ ಮುಖವನ್ನೂ ನೋಡಿದವರಲ್ಲ. ಆಗ ಗ್ರೀಸಿನಲ್ಲಿ ನಟನಾಗಲು ಲೈಸೆನ್ಸ್ ಬೇಕಿತ್ತು. 1959ರಲ್ಲಿ ‘ಅಸಾಧಾರಣ ಪ್ರತಿಭೆ’ ಎಂಬ ವಿಶೇಷ ದಾರಿಯಲ್ಲಿ ಅದು ಸಿಕ್ಕಿತು.

ಆಮೇಲಿನ ವರ್ಷಗಳ ಸಿನಿಮಾಗಳನ್ನು ಎಣಿಸುತ್ತಾ ಕೂರುವುದಿಲ್ಲ. ಒಟ್ಟು 100ಕ್ಕೂ ಜಾಸ್ತಿ. ಎಷ್ಟೋ ಕಡೆ ಪೋಸ್ಟ್‌ಮ್ಯಾನ್, ವೇಟರ್, ಯಾರದೋ ಸಹಾಯಕ. ಜೂಲ್ಸ್ ಡಾಸಿನ್ ಅವರ ‘ನೆವರ್ ಆನ್ ಸಂಡೇ’ಯಲ್ಲೂ ಒಂದು ಮೂಲೆಯಲ್ಲಿ ಇದ್ದಾರೆ. 1960ರ ದಶಕದಲ್ಲಿ ಗ್ರೀಕರು ಸಿನಿಮಾವನ್ನು ಊಟದಂತೆ ನೋಡುತ್ತಿದ್ದರು. ಟಿವಿ ಇನ್ನೂ ಮನೆಗೆ ಬಂದಿರಲಿಲ್ಲ. ಬೇಸಿಗೆ ಬಂತೆಂದರೆ ಬಯಲು ಟಾಕೀಸು, ಮಲ್ಲಿಗೆ ಬಳ್ಳಿಯ ಗೋಡೆ, ಜಲ್ಲಿಕಲ್ಲಿನ ನೆಲದ ಮೇಲೆ ಕುರ್ಚಿ. 1963ರ ಒಂದು ಸಿನಿಮಾದ ಹೆಸರು ಅಲ್ಲಿನ ಗಾದೆಯೇ: ಹತ್ತು ಕಸುಬು ಗೊತ್ತಿದ್ದವನ ಮನೆ ಖಾಲಿ. ಥನಾಸಿ ಅದರಲ್ಲಿ ಕೆಲಸದ ಮೇಲೆ ಕೆಲಸ ಹಿಡಿಯುತ್ತಾನೆ, ಒಂದೂ ನಿಲ್ಲುವುದಿಲ್ಲ. ಹಳ್ಳಿ ಬಿಟ್ಟು ಅಥೆನ್ಸಿಗೆ ಬಂದು ಇದೇ ಪಾಡು ಪಡುತ್ತಿದ್ದ ಲಕ್ಷಾಂತರ ಜನ ಆ ಕುರ್ಚಿಗಳಲ್ಲಿ ಕೂತು ನಗುತ್ತಿದ್ದರು.

1964ರಲ್ಲಿ ವೆಂಗೋಸ್ ತಮ್ಮದೇ ಕಂಪನಿ ಶುರು ಮಾಡಿದರು. ಹೆಸರು ‘ಥ.ವ. ನಗೆಯ ಸಿನಿಮಾಗಳು’. ಥ ಮತ್ತು ವ ಅವರ ಹೆಸರಿನ ಮೊದಲಕ್ಷರಗಳು. ನಟನೆ ಅವರದೇ, ಹಣ ಅವರದೇ, ಬರುಬರುತ್ತಾ ನಿರ್ದೇಶನವೂ ಅವರದೇ. ನನ್ನ ಲೆಕ್ಕದಲ್ಲಿ ಅವರ ಅತಿ ಹುಚ್ಚು ಕೆಲಸ ಇರುವುದು ಇಲ್ಲೇ. ಜೇಮ್ಸ್ ಬಾಂಡ್ 007 ಜಗತ್ತನ್ನು ಗೆಲ್ಲುತ್ತಿದ್ದ ಕಾಲ. ಇವರು 1967ರಲ್ಲಿ ಏಜೆಂಟ್ 000 ಆದರು. ಅವನು ಗುಪ್ತಚರ ಅಲ್ಲ, ಎಲ್ಲರಿಗೂ ಕಾಣುವ ‘ಬಹಿರಂಗ ಚರ’. 1969ರಲ್ಲಿ ಅದೇ ಜಾಡಿನಲ್ಲಿ ‘ಥು-ವು’ ಎಂಬ ಬೋಳು ತಲೆಯ ಏಜೆಂಟ್. ಅಕ್ಷರದ ಹೆಸರುಗಳನ್ನೇ ಹಾಸ್ಯಕ್ಕೆ ತಿರುಚಿದ ಹೆಸರು. ಗೂಢಚಾರಿಕೆ ಕಲಿಯಲು ಹೋಗಿ, ಕಲಿತದ್ದನ್ನೆಲ್ಲ ತಪ್ಪು ಜಾಗದಲ್ಲಿ ಬಳಸುವವನು. ಒಂದು ತಮಾಷೆ ಮುಗಿಯುವ ಮೊದಲೇ ಇನ್ನೊಂದು, ಉಸಿರಾಡಲೂ ಬಿಡುವುದಿಲ್ಲ. ಇವತ್ತು ಗ್ರೀಸಿನ ಯುವಕರು ಈ ಸಿನಿಮಾಗಳ ಮಾತುಗಳನ್ನು ಬಾಯಿಪಾಠ ಹೇಳುತ್ತಾರೆ.

ಆದರೆ ಕಂಪನಿ ಉಳಿಯಲಿಲ್ಲ. ಲೆಕ್ಕ ಇಡುವ ಗುಣ ಅವರದಾಗಿರಲಿಲ್ಲ. ಸಾಲ ಬೆಳೆಯಿತು, ದಿವಾಳಿ ಎದ್ದರು. ಆಮೇಲೆ ಆ ಸಾಲ ತೀರಿಸಲು ವರ್ಷಗಟ್ಟಲೆ ಬೇರೆಯವರ ಸಿನಿಮಾಗಳಲ್ಲಿ ದುಡಿದರು. ತೆರೆಯ ಮೇಲೆ ಸಾಲ ಕೊಟ್ಟವರಿಂದ ತಪ್ಪಿಸಿಕೊಂಡು ಓಡುತ್ತಿದ್ದ ಥನಾಸಿ, ಮತ್ತು ಸಾಲ ಕಟ್ಟಲು ಒಂದು ಸೆಟ್ಟಿನಿಂದ ಇನ್ನೊಂದಕ್ಕೆ ಓಡುತ್ತಿದ್ದ ವೆಂಗೋಸ್. ಇಲ್ಲಿ ಇಬ್ಬರನ್ನು ಬೇರೆ ಮಾಡುವುದು ನನಗೆ ಆಗುವುದಿಲ್ಲ.

ಏಜೆಂಟ್ 000 ಬಂದ 1967ರಲ್ಲೇ, ಏಪ್ರಿಲ್ 21ರ ಬೆಳಗಿನ ಜಾವ ಸೈನ್ಯದ ಕರ್ನಲ್‌ಗಳು ಅಧಿಕಾರ ಕಿತ್ತುಕೊಂಡರು. ಮತ್ತೆ ಬಂಧನ, ಮತ್ತೆ ದ್ವೀಪಗಳು, ಈ ಸಲ ಯಾರೊಸ್ ಮತ್ತು ಲೆರೊಸ್. ಚಿತ್ರಕಥೆಗಳು ಸೆನ್ಸಾರಿನವರ ಮೇಜು ದಾಟಿಯೇ ಬರಬೇಕು. ಹೀಗಿದ್ದಾಗ 1971ರಲ್ಲಿ ಡಿನೊಸ್ ಕಾತ್ಸುರಿದಿಸ್ ಎಂಬ ನಿರ್ದೇಶಕರು ವೆಂಗೋಸ್ ಅವರನ್ನು ಇಟ್ಟುಕೊಂಡು ‘ಥನಾಸಿ, ಯುದ್ಧದಲ್ಲಿ ನೀನೇನು ಮಾಡಿದೆ?’ ಮಾಡಿದರು. ಕಥೆ ನಡೆಯುವುದು ಶತ್ರುಗಳು ಹಿಡಿದ ಅಥೆನ್ಸಿನಲ್ಲಿ. ಹೊಟ್ಟೆಗಿಲ್ಲದ ಒಬ್ಬ ಸಾಧಾರಣ ಕೆಲಸಗಾರ. ಯಾರ ತಂಟೆಗೂ ಹೋಗದವನು. ಅಂಥವನನ್ನೂ ಹಿಡಿದು ಒಳಗೆ ಹಾಕುತ್ತಾರೆ. ಹಳೆಯ ಯುದ್ಧದ ಕಥೆ ತಾನೇ ಅಂತ ಸೆನ್ಸಾರಿನವರು ಬಿಟ್ಟರು. ಟಾಕೀಸಿನಲ್ಲಿ ಕೂತವರಿಗೆ ಆ ಸಮವಸ್ತ್ರಗಳು, ಆ ವಿಚಾರಣೆಯ ಕೋಣೆಗಳು ಯಾವ ವರ್ಷದವು ಅಂತ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಥೆಸಲೊನಿಕಿ ಚಿತ್ರೋತ್ಸವದಲ್ಲಿ ಸಿನಿಮಾಕ್ಕೂ, ವೆಂಗೋಸ್ ಅವರ ನಟನೆಗೂ ಬಹುಮಾನ ಬಂತು.

ಈ ಸಿನಿಮಾವನ್ನು ನಾನು ಅಪ್ಪನ ಜೊತೆ ನೋಡಿದೆ, ತುಮಕೂರಿನ ಮನೆಯಲ್ಲಿ. ಅಪ್ಪನಿಗೆ ಇಂಗ್ಲಿಷ್ ಸಬ್‌ಟೈಟಲ್ ಓದುವಷ್ಟು ವೇಗ ಇಲ್ಲ. ನಾನೇ ಪಕ್ಕದಲ್ಲಿ ಕೂತು ಕಥೆ ಹೇಳುತ್ತಿದ್ದೆ. ಹತ್ತು ನಿಮಿಷ ಕೇಳಿದವರು, ‘ನೀನು ಸುಮ್ನಿರಪ್ಪ, ನಂಗೆ ಗೊತ್ತಾಗುತ್ತೆ’ ಅಂದರು. ಆಮೇಲೆ ಅವರೊಬ್ಬರೇ ನಕ್ಕರು. ನಾನು ನಗದ ಕಡೆಯೂ ನಕ್ಕರು. ನಾನು ನಕ್ಕ ಒಂದೆರಡು ಕಡೆ ಅವರು ನಗಲಿಲ್ಲ.

ಮುಗಿದ ಮೇಲೆ ಕನ್ನಡಕ ಒರೆಸುತ್ತಾ ಹೇಳಿದರು: ‘ಇವನು ತಮಾಷೆಗೆ ಓಡ್ತಿಲ್ಲ ಕಣಪ್ಪ. ನಿಂತ್ರೆ ಅವತ್ತಿನ ಊಟ ಹೋಗುತ್ತೆ ಅಂತ ಓಡ್ತಿದಾನೆ.’

ಅಪ್ಪ ಮಂಡಿಪೇಟೆಯ ಅಂಗಡಿಯೊಂದರಲ್ಲಿ ಲೆಕ್ಕ ಬರೆಯುತ್ತಿದ್ದರು. ಬೆಳಿಗ್ಗೆ ಪೇಪರ್ ಹಾಕುತ್ತಿದ್ದರು. ಸಂಜೆ ಇನ್ನೊಂದು ಅಂಗಡಿಯ ಲೆಕ್ಕ. ನನ್ನ ಬಾಲ್ಯದಲ್ಲಿ ಅಪ್ಪ ನಡೆದದ್ದನ್ನು ನೋಡಿದ ನೆನಪೇ ಇಲ್ಲ. ಸ್ಕೂಲಿನ ಗೆಳೆಯರು ಅವರ ಓಟವನ್ನು ಅಣಕಿಸಿ ತೋರಿಸುತ್ತಿದ್ದರು, ನಾನೂ ಒಂದು ಸಲ ನಕ್ಕಿದ್ದೆ. ಅವತ್ತು ಸಿನಿಮಾ ಮುಗಿದ ಮೇಲೆ ಅದನ್ನು ಅವರಿಗೆ ಹೇಳಬೇಕು ಅನಿಸಿತು. ಹೇಳಲಿಲ್ಲ. ಕಾಫಿ ಮಾಡಿಕೊಂಡು ಬಂದೆ.

ಅದಕ್ಕೇ ನನಗೆ ವೆಂಗೋಸ್ ಅವರನ್ನು ಬರೀ ದೈಹಿಕ ಹಾಸ್ಯದ ನಟ ಅನ್ನುವ ವಿಮರ್ಶೆ ಓದಿದರೆ ಕಷ್ಟ ಆಗುತ್ತದೆ. ಅವರ ದೇಹಕ್ಕೆ ಆ ಓಟ ಎಲ್ಲಿಂದ ಬಂತು ಅಂತ ಕೇಳಬೇಕು. 1941ರ ಚಳಿಗಾಲದಲ್ಲಿ ಬ್ರೆಡ್ ಸಿಗುವ ಕಡೆ ಓಡಿದ ಹುಡುಗರೆಲ್ಲ ಆ ಕಾಲುಗಳಲ್ಲಿದ್ದಾರೆ ಅಂತ ನಾನು ನಂಬುತ್ತೇನೆ. ಕಲ್ಲು ಹೊತ್ತುಕೊಂಡು ಓಡು ಅಂತ ಹೇಳಿಸಿಕೊಂಡವರೂ ಇದ್ದಾರೆ.

ಕಾತ್ಸುರಿದಿಸ್ ಜೊತೆ ಇನ್ನಷ್ಟು ಸಿನಿಮಾಗಳಾದವು. ಕರ್ನಲ್‌ಗಳು ಬಿದ್ದ ಮೇಲೆ, 1976ರಲ್ಲಿ, ‘ಕಪಾಳಮೋಕ್ಷದ ನಾಡಿನಲ್ಲಿ ಥನಾಸಿಸ್’ ಬಂತು. ಆ ಹೊತ್ತಿಗೆ ಟಿವಿ ಮನೆಮನೆಗೆ ಬಂದು ಗ್ರೀಕ್ ಚಿತ್ರರಂಗದ ಬೆನ್ನು ಮುರಿದಿತ್ತು. ಎಂಬತ್ತರ ದಶಕದಲ್ಲಿ ನೇರ ವಿಡಿಯೋಗೆ ಅಂತಲೇ ತೆಗೆದ ಅಗ್ಗದ ಸಿನಿಮಾಗಳಲ್ಲೂ ಅವರು ನಟಿಸಿದರು. ಅವುಗಳಲ್ಲಿ ಒಂದೆರಡು ನೋಡಿದೆ. ಅವರ ವಯಸ್ಸಾದ ಕಾಲುಗಳನ್ನು ಓಡಿಸುವುದನ್ನು ಬಿಟ್ಟರೆ ಬೇರೇನೂ ಗೊತ್ತಿಲ್ಲದವರು ಮಾಡಿದ ಸಿನಿಮಾಗಳು.

ಅವರನ್ನು ನಿಲ್ಲಿಸಿ ನೋಡಬೇಕು ಅಂತ ಮೊದಲು ಹೊಳೆದದ್ದು ನಿರ್ದೇಶಕ ಪಾಂಡೆಲಿಸ್ ವುಲ್ಗಾರಿಸ್ ಅವರಿಗೆ ಇರಬೇಕು. 1991ರ ‘ಆಗಸ್ಟಿನ ಶಾಂತ ದಿನಗಳು’ ಸಿನಿಮಾದಲ್ಲಿ ವೆಂಗೋಸ್ ಒಂಟಿ ಮನುಷ್ಯ. ಆಗಸ್ಟ್ ತಿಂಗಳಲ್ಲಿ ಅಥೆನ್ಸ್ ಖಾಲಿಯಾಗುತ್ತದೆ, ಎಲ್ಲರೂ ಹಳ್ಳಿಗೋ ಸಮುದ್ರಕ್ಕೋ ಹೊರಡುತ್ತಾರೆ. ಉಳಿದವರು ಹೋಗಲು ಎಲ್ಲೂ ಇಲ್ಲದವರು. ಆ ಬಿಸಿಲಿನಲ್ಲಿ, ಆ ಸದ್ದಿಲ್ಲದ ಬೀದಿಗಳಲ್ಲಿ ಅವರ ಮುಖವನ್ನು ಕ್ಯಾಮೆರಾ ಪುರುಸೊತ್ತಾಗಿ ನೋಡುತ್ತದೆ. ಅಷ್ಟು ವರ್ಷ ಓಟದಲ್ಲಿ ಯಾರಿಗೂ ಸರಿಯಾಗಿ ಕಾಣದ ಮುಖ ಅದು. 1998ರಲ್ಲಿ ಅದೇ ನಿರ್ದೇಶಕರ ಇನ್ನೊಂದು ಸಿನಿಮಾದಲ್ಲಿ ಅವರು ಎವ್ರೊಸ್ ನದಿಯ ಮುಖಜ ಭೂಮಿಯ ಕಾವಲುಗಾರ. ನಶಿಸಿಹೋಗುತ್ತಿರುವ ಒಂದು ಜಾತಿಯ ಹೆಬ್ಬಾತಿನ ಹಿಂದೆ ಬಿದ್ದಿದ್ದಾರೆ, ಉಳಿದಿರುವ ಕೊನೆಯದನ್ನು ಕಾಯಲು. ಇವೆರಡರ ನಡುವೆ ಬಂದದ್ದು ಹಿಮದಲ್ಲಿ ನಿಂತ ಆ ಟ್ಯಾಕ್ಸಿ. ಎಪ್ಪತ್ತರ ವಯಸ್ಸಿನಲ್ಲಿ ಎಪಿಡಾವ್ರೊಸ್‌ನ ಪುರಾತನ ಬಯಲು ರಂಗಮಂದಿರದಲ್ಲಿ ಪ್ರಾಚೀನ ಗ್ರೀಕ್ ಹಾಸ್ಯ ನಾಟಕಕಾರ ಅರಿಸ್ಟೊಫೇನಿಸ್‌ನ ನಾಟಕದಲ್ಲೂ ನಟಿಸಿದರು. ಲೈಸೆನ್ಸ್‌ಗಾಗಿ ಪ್ರತಿಭೆಯ ದಾರಿ ಹಿಡಿಯಬೇಕಾಗಿದ್ದ ಮನುಷ್ಯ.

ಕೊನೆಯ ಸಲ ದೊಡ್ಡ ತೆರೆಗೆ ಬಂದದ್ದು 2009ರಲ್ಲಿ, ವುಲ್ಗಾರಿಸ್ ಅವರ ‘ಪ್ಸಿಹಿ ವಾಥಿಯಾ’ದಲ್ಲಿ. ಅದು ಅಂತರ್ಯುದ್ಧದ ಕಥೆ. ಅವರಿಗೆ ಸಣ್ಣ ಪಾತ್ರ. ಆ ಯುದ್ಧ ನಡೆಯುತ್ತಿದ್ದ ಕಾಲದಲ್ಲೇ ಅವರನ್ನು ದ್ವೀಪಕ್ಕೆ ಕಳಿಸಿದ್ದು.

2011ರ ಮೇ 3ರಂದು ಅಥೆನ್ಸಿನಲ್ಲಿ ತೀರಿಕೊಂಡರು. ಗ್ರೀಸ್ ಸಾಲದಲ್ಲಿ ಮುಳುಗಿ, ಹೊರಗಿನವರ ಮೊದಲ ನೆರವಿನ ಒಪ್ಪಂದವಾಗಿ ಹೆಚ್ಚುಕಡಿಮೆ ಒಂದು ವರ್ಷ ಆಗಿತ್ತು. ಸಂಬಳ, ಪಿಂಚಣಿ ಕತ್ತರಿಸಿದ್ದರು. ಜನ ಮತ್ತೆ ಎರಡು ಮೂರು ಕೆಲಸಗಳ ನಡುವೆ ಓಡುತ್ತಿದ್ದರು. ಅವರನ್ನು ಕಳಿಸಿಕೊಡಲು ಬೀದಿಗೆ ಬಂದವರಲ್ಲಿ ಎಲ್ಲ ವಯಸ್ಸಿನವರೂ ಇದ್ದರು. ಅದೇ ವರ್ಷ ನವೆಂಬರಿನಲ್ಲಿ ಕಾತ್ಸುರಿದಿಸ್ ಕೂಡ ಹೋದರು. ಅವರು ಹುಟ್ಟಿದ್ದೂ 1927ರಲ್ಲೇ. ಮರುವರ್ಷ ಜನವರಿಯಲ್ಲಿ ಆಂಗೆಲೊಪುಲೊಸ್, ಹೊಸ ಸಿನಿಮಾದ ಶೂಟಿಂಗ್ ಸ್ಥಳದಲ್ಲಿ ರಸ್ತೆ ದಾಟುವಾಗ ಬೈಕ್ ಡಿಕ್ಕಿ ಹೊಡೆದು.

ಕಳೆದ ಸಲ ಊರಿಗೆ ಹೋದಾಗ ಅಪ್ಪ ತಾವಾಗಿಯೇ ಕೇಳಿದರು, ‘ಆ ಓಡೋನ್ದು ಇನ್ನೇನಾದ್ರೂ ಇದೆಯಾ?’ ಮೂರು ಗಂಟೆಯ ಸಿನಿಮಾ ಅವರಿಂದ ಆಗುವುದಿಲ್ಲ ಅಂತ ಟ್ಯಾಕ್ಸಿಯ ಭಾಗವನ್ನಷ್ಟೇ ಹಾಕಿದೆ. ಗುರುತು ಹಿಡಿದರು. ಮುಂದಕ್ಕೆ ಬಾಗಿ ಕೂತರು. ಅಜ್ಜಿ ಇಳಿದಳು, ಟ್ಯಾಕ್ಸಿ ಹೋಯಿತು, ನಿಂತಿತು.

‘ಯಾಕೆ ನಿಂತ?’

‘ಹಿಮ ನಿಲ್ಲು ಅಂತಂತೆ.’

ಅಪ್ಪ ಕಾದರು. ಇನ್ನೇನು ಓಡುತ್ತಾನೆ ಅಂತ ಅವರ ಮುಖದಲ್ಲಿ ನಗು ರೆಡಿಯಾಗಿತ್ತು. ಅವನು ಓಡಲಿಲ್ಲ. ಕುಡಿದ, ಮಾತಾಡಿದ. ನಾನು ಈ ಸಲ ಅರ್ಥ ಹೇಳಲು ಹೋಗಲಿಲ್ಲ. ಅವನು ಜೇಬಿನಿಂದಲೋ ಎಲ್ಲಿಂದಲೋ ಬಿಸ್ಕತ್ತು ತೆಗೆದು ಹಿಮಕ್ಕೆ ಎಸೆದಾಗ ಅಪ್ಪ ನನ್ನ ಕಡೆ ತಿರುಗಿದರು.

‘ತಿನ್ನೋದನ್ನ ಎಸೆದುಬಿಟ್ನಲ್ಲಪ್ಪ’ ಅಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು, ‘ಅಲ್ಲ, ಕೊಟ್ಟ’ ಅಂತ ತಾವೇ ತಿದ್ದಿಕೊಂಡರು. ಇನ್ನೊಂದ್ಸಲ ಹಾಕು ಅಂದರು.